ಟೋಪಿ ಮತ್ತು ರುಮಾಲು

ಕಳೆದ ವಾರ ಚಿಕ್ಕಬಳ್ಳಾಪುರದ ನಮ್ಮ ಮನೆಗೆ ಬಂದಿದ್ದ ಮೊಮ್ಮಕ್ಕಳು ಚಾರ್ಲಿ ಚಾಪ್ಲಿನ್ನರ ‘ಪೇ ಡೇ’ ಎಂಬ ಮೂಕಿಚಿತ್ರವನ್ನು ತೋರಿಸಿದರು. ೧೯೨೨ರಲ್ಲಿ ತೆರೆಕಂಡ, ಅರ್ಧ ಗಂಟೆಯೊಳಗೆ ಮುಗಿಯುವ ಹಾಸ್ಯಚಿತ್ರವದು.

ಇಟ್ಟಿಗೆ ಕಟ್ಟುವ ಚಾಪ್ಲಿನ್ ಸಂಬಳದ ಹಣವನ್ನು ಟೋಪಿಯೊಳಗೆ ಬಚ್ಚಿಡುತ್ತಾನೆ. ಕಾದು ನಿಂತ ಹೆಂಡತಿ (ನಟಿ ಫಿಲಿಸ್ ಅಲೆನ್) ಅದನ್ನು ಪತ್ತೆಹಚ್ಚಿ ಕಿತ್ತುಕೊಳ್ಳುತ್ತಾಳೆ. ಅವನು ಅವಳ ಕೈಚೀಲಕ್ಕೇ ಕೈಹಾಕಿ, ರಾತ್ರಿಯೆಲ್ಲ ಗೆಳೆಯರೊಡನೆ ಕಳೆದು ಬೆಳಗಿನ ಜಾವ ಮನೆ ಸೇರುತ್ತಾನೆ. ಅಷ್ಟರಲ್ಲಿ ಅಲಾರಾಂ ಹೊಡೆದುಕೊಳ್ಳುತ್ತದೆ. ಆಗತಾನೇ ಎದ್ದು ಕೆಲಸಕ್ಕೆ ಹೊರಟವನಂತೆ ನಟಿಸುತ್ತಾನೆ! ಮೋಸ ಮಾಡುವುದನ್ನು ನಾವು ‘ಟೋಪಿ ಹಾಕುವುದು’ ಎನ್ನುತ್ತೇವಷ್ಟೆ. ಇಲ್ಲಿ ಟೋಪಿಯೇ ಕೈಕೊಟ್ಟಿತು.

ಮಕ್ಕಳು ಬಿದ್ದುಬಿದ್ದು ನಕ್ಕರು. ನಾನೂ ನಕ್ಕೆ. ಆದರೆ ನನಗೆ ನಮ್ಮ ತಂದೆಯವರ ರುಮಾಲು ನೆನಪಾಯಿತು.

ನಮ್ಮದು ರೇಷ್ಮೆ ಬೆಳೆಯುತ್ತಿದ್ದ ಮನೆ. ತಂದೆಯವರು ಶಿಡ್ಲಘಟ್ಟದಲ್ಲಿ ಗೂಡು ಮಾರಿ ಬಂದು, “ಇಷ್ಟೇ ಬಂದದ್ದು” ಎಂದು ಹಣವನ್ನು ಅಮ್ಮನ ಕೈಗಿಡುತ್ತಿದ್ದರು. ನಾನು ಏಳನೆಯ ತರಗತಿಯಲ್ಲಿದ್ದಾಗ ಒಂದು ದಿನ, ಒಗೆಯಲೆಂದು ಅಮ್ಮ ರುಮಾಲನ್ನು ಕೊಡವಿದರು. ಹತ್ತು ರೂಪಾಯಿಯ ಎರಡು ನೋಟುಗಳು ಕೆಳಗೆ ಬಿದ್ದವು. ಆ ತಿಂಗಳು ಅಂಗಡಿಯ ಬಾಕಿ ತೀರಿರಲಿಲ್ಲ. ನನಗೆ ಪಠ್ಯಪುಸ್ತಕಗಳನ್ನೂ ಕೊಂಡಿರಲಿಲ್ಲ. ಅಮ್ಮ ಕ್ಷಣಕಾಲ ಅವನ್ನೇ ನೋಡಿದರು. ಅನಂತರ ಮಡಿಕೆಯಲ್ಲಿ ಮೊದಲಿದ್ದಂತೆಯೇ ಸೇರಿಸಿ, ರುಮಾಲನ್ನು ಒಗೆಯದೆಯೇ ಗೂಟಕ್ಕೆ ಸಿಕ್ಕಿಸಿದರು.

“ಚಿಂತಾಮಣಿಗೆ ಹೋಗೋ ದುಡ್ಡು ಕಣೋ, ನಿಮ್ಮತ್ತೆಗೆ. ನೀನು ನೋಡಲಿಲ್ಲ, ತಿಳೀತಾ?” ಎಂದರು.

ನಮ್ಮ ಸೋದರತ್ತೆ ಚಿಕ್ಕ ವಯಸ್ಸಿನಲ್ಲೇ ಗಂಡನನ್ನು ಕಳೆದುಕೊಂಡಿದ್ದರು. ಹೆಂಡತಿಗೆ ತಿಳಿದರೆ ಬೇಡವೆಂದಾಳೆಂದು ತಂದೆಯವರ ಅಳುಕು. ತನಗೆ ತಿಳಿದಿದೆಯೆಂದು ಗೊತ್ತಾದರೆ ಅವರ ಮುಖ ಸಣ್ಣದಾದೀತೆಂದು ಅಮ್ಮನ ಅಳುಕು. ತಂದೆಯವರು ಕೊನೆಯವರೆಗೂ ತಮ್ಮ ಗುಟ್ಟು ಭದ್ರವಾಗಿದೆಯೆಂದೇ ನಂಬಿದ್ದರು.

ಚಿತ್ರದ ಹೆಂಡತಿಯನ್ನು ಗಯ್ಯಾಳಿಯೆಂದು ಎಲ್ಲರೂ ನಗುತ್ತಾರೆ. ಆ ಸಂಬಳದಲ್ಲಿ ಸಂಸಾರ ತೂಗಿಸಬೇಕಾದವಳು ಅವಳೇ ಎಂಬುದನ್ನು ಮರೆಯುತ್ತಾರೆ. ಸುಳ್ಳು ಹೇಳಬಾರದೆಂದು ನಿಮಗೆಲ್ಲ ತರಗತಿಯಲ್ಲಿ ಪಾಠ ಹೇಳಿದ ನಾನು, ಈ ಪ್ರಸಂಗವನ್ನು ಮಾತ್ರ ಯಾರಿಗೂ ಹೇಳಿರಲಿಲ್ಲ. ಈಗ ಮೂವರೂ ಇಲ್ಲ. ಅತ್ತೆಯ ಮಕ್ಕಳು ಇದನ್ನು ಓದುವುದಾದರೆ ಒಂದು ಮಾತು: ನಿಮ್ಮ ಮನೆಗೆ ಬರುತ್ತಿದ್ದ ಆ ಹಣವನ್ನು ಕಳುಹಿಸುತ್ತಿದ್ದವರು ಒಬ್ಬರಲ್ಲ, ಇಬ್ಬರು.