ಕಿಟಕಿಗೊಂದು ಕೊಪ್ಪೆ

ಮುಂಡಗೋಡ, ಹಳಿಯಾಳಗಳ ಕಡೆ ಬೆಳೆದವರಿಗೆ ಮಳೆಯೆಂಬುದು ಮೇಲಿನಿಂದ ಬೀಳುವ ವಸ್ತು. ದಾಂಡೇಲಿಯನ್ನು ದಾಟಿ ಜೋಯಿಡಾದ ಕಾಡಿನೊಳಕ್ಕೆ ಹೋದ ಮೇಲೆಯೇ ಅದು ಪಕ್ಕದಿಂದಲೂ ಬರುತ್ತದೆಂಬುದು ಮನವರಿಕೆಯಾಗುತ್ತದೆ. ನಾಲ್ಕೂ ಉತ್ತರ ಕನ್ನಡ ಜಿಲ್ಲೆಯ ಊರುಗಳೇ. ಆದರೆ ಅರಬ್ಬೀ ಸಮುದ್ರದಿಂದ ಬರುವ ನೈಋತ್ಯದ ಗಾಳಿ ಸಹ್ಯಾದ್ರಿಯನ್ನು ಏರುವಾಗಲೇ ತನ್ನ ಹೊರೆಯ ಬಹುಭಾಗವನ್ನು ಜೋಯಿಡಾದ ಕಡೆ ಇಳಿಸಿಬಿಡುತ್ತದೆ. ಮುಂಡಗೋಡಕ್ಕೆ ಬರುವ ಹೊತ್ತಿಗೆ ಅದರ ಆರ್ಭಟ ತಗ್ಗಿರುತ್ತದೆ. ಮುಂಡಗೋಡದವನಾದ ನನಗೆ ಈ ಭೂಗೋಳ ಪುಸ್ತಕದಲ್ಲಿ ಗೊತ್ತಿತ್ತು. ಗೋಡೆಯ ಮೇಲೆ ಗೊತ್ತಿರಲಿಲ್ಲ.

1988ರ ಮೇ ತಿಂಗಳ ಕೊನೆಯಲ್ಲಿ ಜೋಯಿಡಾ ತಾಲ್ಲೂಕಿನ ಒಂದು ಹಳ್ಳಿಗೆ ಕನ್ನಡ ಅಧ್ಯಾಪಕನಾಗಿ ಹೋದೆ. ಕಾಳೀ ನದಿಗೆ ಅಡ್ಡಲಾಗಿ ಸೂಪಾ ಅಣೆಕಟ್ಟು ಪೂರ್ಣಗೊಂಡು ಒಂದು ವರ್ಷವಾಗಿತ್ತು. ಹಳೆಯ ಸೂಪಾ ಪೇಟೆ ನೀರಿನಡಿ ಸೇರಿತ್ತು. ಅವ್ವನೂ ನನ್ನ ಜೊತೆಗೆ ಬಂದಿದ್ದಳು. ಬಾಡಿಗೆಗೆ ದೊರೆತ ಮನೆಗೆ ಮಣ್ಣಿನ ಗೋಡೆ, ಹಂಚಿನ ಮಾಡು, ಪಶ್ಚಿಮಕ್ಕೆ ಒಂದು ಕಿಟಕಿ. ಕಿಟಕಿಯ ಕೆಳಗೆ ಅವ್ವನ ಹಾಸಿಗೆ.

"ಮಳೆ ಹಿಡಿಯುವ ಮುಂಚೆ ಸೋಗೆಯ ತಟ್ಟಿ ಕಟ್ಟಿಸಿಕೊಳ್ಳಿ," ಎಂದರು ಮನೆಯ ಯಜಮಾನರು. ಎಂ.ಎ. ಪದವಿಯ ಬಿಸಿ ಇನ್ನೂ ಆರಿರದ ನನಗೆ ಅದು ಹಳೆಯ ಕಾಲದ ಮಾತೆನಿಸಿತು. ದಾಂಡೇಲಿಯ ಪೇಟೆಯಿಂದ ದಪ್ಪನೆಯ ಪ್ಲಾಸ್ಟಿಕ್ ಹಾಳೆಯನ್ನು ತಂದು, ಕಿಟಕಿಯ ಸುತ್ತ ನಾಲ್ಕೂ ಅಂಚುಗಳಿಗೆ ಮರದ ಪಟ್ಟಿಯಿಟ್ಟು ಮೊಳೆ ಹೊಡೆದೆ. ಇರುವೆಯೂ ನುಸುಳದಂತೆ ಬಿಗಿದೆನೆಂದು ಹೆಮ್ಮೆಪಟ್ಟೆ.

ಜುಲೈ ತಿಂಗಳಲ್ಲಿ ಕಿಟಕಿಯಿಂದ ಒಂದು ಹನಿಯೂ ಒಳಬರಲಿಲ್ಲ. ಆದರೆ ಅದರ ಕೆಳಗಿನ ಗೋಡೆ ದಿನದಿನಕ್ಕೆ ಕಪ್ಪಾಗತೊಡಗಿತು. "ಗೋಡಿ ಬೆವರಾಕ ಹತ್ತೈತಲ್ಲೋ," ಎಂದಳು ಅವ್ವ. ನಾನು ಇನ್ನೊಂದು ಡಜನ್ ಮೊಳೆ ಹೊಡೆದೆ. ಪ್ರತಿಯೊಂದು ಮೊಳೆಯೂ ಒಂದು ರಂಧ್ರವೆಂಬುದು ಆಗ ಹೊಳೆಯಲಿಲ್ಲ. ಆಗಸ್ಟಿನ ಒಂದು ರಾತ್ರಿ, ಚಳಿ ತಾಳಲಾರದೆ ಅವ್ವ ಎದ್ದು ಒಲೆಯ ಮುಂದೆ ಕುಳಿತಿದ್ದಾಗ, ಮೊರದಗಲದ ಮಣ್ಣಿನ ಹೆಂಟೆ ಗೋಡೆಯಿಂದ ಕಳಚಿ ಅವಳ ದಿಂಬಿನ ಮೇಲೆ ಬಿದ್ದಿತು. ಆ ಸದ್ದು ಈಗಲೂ ಕೆಲವು ರಾತ್ರಿ ನನ್ನನ್ನು ಎಬ್ಬಿಸುತ್ತದೆ.

ಮರುದಿನ ನೆರವಿಗೆ ಬಂದವನು ಒಂಬತ್ತನೆಯ ತರಗತಿಯ ಒಬ್ಬ ಹುಡುಗ, ಕುಣಬಿಯರ ಮನೆಯವನು. ಕೊಂಕಣಿ ಅವನ ಮನೆಮಾತು. ಜೂನ್ ತಿಂಗಳಿಡೀ ಶಾಲೆಗೆ ಬಾರದ ಅವನ ಹೆಸರಿನ ಮುಂದೆ ನಾನು "ಕಾರಣವಿಲ್ಲದ ಗೈರುಹಾಜರಿ" ಎಂದು ಬರೆದಿದ್ದೆ. ಆ ತಿಂಗಳು ಅವನು ಊರಿನ ಮನೆಗಳಿಗೆ ತಟ್ಟಿ ಕಟ್ಟುತ್ತಿದ್ದನೆಂದು ಅಂದು ತಿಳಿಯಿತು.

ಅವನು ಮೊದಲು ಹಾಳೆಯ ಕೆಳಗಿನ ಅಂಚನ್ನು ಕಿತ್ತ. ಒಳಗೆ ನಿಂತಿದ್ದ ನೀರು ಅವನ ಪಾದಗಳ ಮೇಲೆ ಸುರಿಯಿತು. "ನೀರು ಒಳಗೆ ಬಂತು ಮಾಸ್ತರೇ, ಹೊರಗೆ ಹೋಗಲಿಕ್ಕೆ ಬಾಗಿಲು ಎಲ್ಲಿ?" ಎಂದ. ಗಾಳಿಗೆ ಗೋಡೆಯನ್ನು ಅಪ್ಪಳಿಸಿದ ಎರಚಲು, ಕೆಳಗಿಳಿಯುತ್ತ ನನ್ನ ಹಾಳೆಯ ಮೇಲಂಚಿನ ಹಿಂದೆ ನುಸುಳಿ, ಸುತ್ತಲೂ ಬಿಗಿದಿದ್ದ ಮೊಳೆಗಳ ನಡುವೆ ಸಿಕ್ಕಿಕೊಂಡಿತ್ತು. ಆರಲು ಗಾಳಿಯಿಲ್ಲದೆ ಮಣ್ಣು ಅದನ್ನು ಕುಡಿದಿತ್ತು.

ಅದೇ ಹಾಳೆಯನ್ನು ಅವನು ತುಂಡು ಮಾಡಿದ. ಹಂಚು ಹೊದಿಸುವವರು ಸೂರಿನಿಂದ ಮೇಲಕ್ಕೆ ಹೋಗುವಂತೆ, ಕಿಟಕಿಯ ಕೆಳಗಿನ ತುಂಡನ್ನು ಮೊದಲು ಕಟ್ಟಿದ. ಅದರ ಮೇಲೆ ಗೇಣುದ್ದ ಹಾಯುವಂತೆ ಎರಡು ಪಕ್ಕದವು. ಎಲ್ಲದರ ಮೇಲೆ, ಸೂರಿನಡಿಯಿಂದಲೇ ಇಳಿಬಿಟ್ಟ ಅಗಲವಾದ ತುಂಡು. ಹೀಗಾದರೆ ಮೇಲಿನದರಿಂದ ಜಾರಿದ ನೀರು ಕೆಳಗಿನದರ ಹೊರಮೈಗೇ ಬೀಳಬೇಕು. ಗೋಡೆಗೂ ಹಾಳೆಗೂ ನಡುವೆ ಬಿದಿರಿನ ದಬ್ಬೆಗಳನ್ನಿಟ್ಟು ಗಾಳಿಯಾಡಲು ಎಡೆಮಾಡಿದ. ಕೆಳಗಿನ ಅಂಚಿಗೆ ಒಂದು ಮೊಳೆಯನ್ನೂ ಹೊಡೆಯಲಿಲ್ಲ. ಹಣವನ್ನು ಮುಟ್ಟದೆ, ಅವ್ವ ಕೊಟ್ಟ ರೊಟ್ಟಿಯನ್ನು ತಿಂದು ಹೋದ. ಹದಿನೈದು ದಿನಗಳಲ್ಲಿ ಗೋಡೆಯ ಕಪ್ಪು ತಿಳಿಯಾಗತೊಡಗಿತು.

ವಾರ್ಷಿಕ ಪರೀಕ್ಷೆಯ ಪ್ರಬಂಧಕ್ಕೆ "ಮಳೆಗಾಲ" ಎಂಬ ವಿಷಯವನ್ನು ಕೊಟ್ಟಿದ್ದೆ. ಅವನು ಕಿಟಕಿಗೆ ಹಾಳೆ ಕಟ್ಟುವ ಬಗೆಯನ್ನೇ ಬರೆದಿದ್ದ. ಒತ್ತಕ್ಷರಗಳೆಲ್ಲ ತಪ್ಪಿದ್ದವು. ಕೆಂಪು ಶಾಯಿಯಲ್ಲಿ "ವಿಷಯಾಂತರ" ಎಂದು ಬರೆದೆ. ಅವನಿಗೆ ಬಂದುದು 31. ತೇರ್ಗಡೆಗೆ 35 ಬೇಕಿತ್ತು. ನಿಯಮವೆಂದರೆ ನಿಯಮವೆಂದು ಆ ನಾಲ್ಕು ಅಂಕಗಳನ್ನು ಬಿಗಿಹಿಡಿದೆ. ಮರುವರ್ಷ ಅವನು ಶಾಲೆಗೆ ಬರಲಿಲ್ಲ.

ನಿವೃತ್ತನಾದ ಮೇಲೆ ಒಂದು ಮಳೆಗಾಲದಲ್ಲಿ ಆ ಹಳ್ಳಿಗೆ ಹೋಗಿದ್ದೆ. ಅವನು ಊರು ಬಿಟ್ಟು ಬಹುಕಾಲವಾಗಿತ್ತು. ಸೋಗೆಯ ತಟ್ಟಿಗಳು ವಿರಳವಾಗಿ, ಕಿಟಕಿಗಳ ಸುತ್ತ ಹಳೆಯ ಫ್ಲೆಕ್ಸ್‌ಗಳು ಬಂದಿದ್ದವು. ವಿನೈಲಿನ ಲೇಪವಿರುವ ಆ ಹಾಳೆ ನೀರನ್ನು ಹೀರುವುದಿಲ್ಲ. ಚುನಾವಣೆ ಮುಗಿದೊಡನೆ ಅದಕ್ಕೆ ಬೇರೆ ಉದ್ಯೋಗವೂ ಇರುವುದಿಲ್ಲ. ಯಾರೋ ಅಭ್ಯರ್ಥಿಗಳು ತಲೆಕೆಳಗಾಗಿ ಕೈಮುಗಿದುಕೊಂಡು ಮಳೆಯಲ್ಲಿ ನೆನೆಯುತ್ತಿದ್ದರು. ಒಂದು ಮನೆಯ ಕಿಟಕಿಯ ಬಳಿ ನಿಂತು ಕೆಳಗಿನ ಅಂಚನ್ನು ಮೆಲ್ಲನೆ ಎತ್ತಿದೆ. ಮೊಳೆ ಹೊಡೆದಿರಲಿಲ್ಲ. ಒಳಗೆ ಬಿದಿರಿನ ದಬ್ಬೆಗಳಿದ್ದವು. ಕೈಯಿಟ್ಟು ನೋಡಿದೆ, ಗೋಡೆ ಬೆಚ್ಚಗೆ ಒಣಗಿತ್ತು.