ಚಲಚ್ಚಿತ್ರದ ಕತ್ತರಿ

ಚಲಚ್ಚಿತ್ರದ ಆರಂಭದಲ್ಲಿ ಹೆಸರುಗಳು ತೆರೆಯ ಮೇಲೆ ಮೂಡುವಾಗ ಕಾಟಿಪಳ್ಳದ ಮನೆಗಳಲ್ಲಿ ಇನ್ನೂ ಚಾಪೆ ಹಾಸುವ ಸಡಗರ ಮುಗಿದಿರುವುದಿಲ್ಲ. ನಾಯಕನನ್ನು ಬಾಲಕರೂ ಬಲ್ಲರು. ಹಾಡಿದವರನ್ನು ಹೆಂಗಸರು ಧ್ವನಿಯಿಂದಲೇ ಗುರುತಿಸುವರು. ಸಂಕಲನಕಾರನಾರೆಂದು ಕೇಳಿದರೆ ಮಾತ್ರ ಎಲ್ಲರೂ ಮೌನ. ಸುರೇಶ್ ಅರಸ್ ಎಂಬ ಸಂಕಲನಕಾರರ ವೃತ್ತಿಯನ್ನು ಇಲ್ಲಿ ವಿವರಿಸಲು ಈ ಮೌನವೇ ಸಾಕಾದ ಕಾರಣವು.

ಗಣಿತದಲ್ಲಿ ಸಂಕಲನವೆಂದರೆ ಕೂಡಿಸುವುದು, ವ್ಯವಕಲನವೆಂದರೆ ಕಳೆಯುವುದು. ಈ ವೃತ್ತಿಗೆ ಮೊದಲನೆಯ ಹೆಸರನ್ನು ಇಟ್ಟವರು ಎರಡನೆಯದನ್ನು ಇಟ್ಟಿದ್ದರೂ ತಪ್ಪಾಗುತ್ತಿರಲಿಲ್ಲ. 35 ಮಿಲಿಮೀಟರ್ ಅಗಲದ ಫಿಲ್ಮಿನಲ್ಲಿ ಒಂದು ಅಡಿಗೆ 16 ಚಿತ್ರಗಳು. ಕ್ಷಣವೊಂದಕ್ಕೆ, ಎಂದರೆ ಒಂದು ಸೆಕೆಂಡಿಗೆ, 24 ಚಿತ್ರಗಳು ಓಡುವುವು. ಹೀಗೆ ಎರಡೂವರೆ ಗಂಟೆಯ ಕಥೆಗೆ 13,500 ಅಡಿ ಬೇಕಾಗುವುದು. ಆದರೆ ಛಾಯಾಗ್ರಾಹಕರು ತಂದೊಪ್ಪಿಸುವುದು ಇದರ ಹಲವು ಮಡಿ. ಗಣಕಯಂತ್ರವು ಬರುವುದಕ್ಕೆ ಮುಂಚೆ ಸಂಕಲನಕಾರನು ಕೆಲಸದ ಪ್ರತಿಯ ಮೇಲೆ ಮೇಣದ ಪೆನ್ಸಿಲಿನಿಂದ ಗುರುತು ಮಾಡಿ, ಕತ್ತರಿಸಿ, ಪಟ್ಟಿ ಅಂಟಿಸಿ ಜೋಡಿಸುತ್ತಿದ್ದನು; ಧ್ವನಿಯ ಸುರುಳಿಯು ಬೇರೆಯೇ. ಇವೆರಡರ ನಡುವೆ ಒಂದೆರಡು ಚಿತ್ರಗಳಷ್ಟು ಅಂತರ ಬಿದ್ದರೂ ತುಟಿಯೊಂದು ದಾರಿ, ಮಾತೊಂದು ದಾರಿಯಾಗುವುದು. ಮಳೆಯಲ್ಲಿ ನೆನೆದು, ನೂರು ಜನರು ದುಡಿದು ತೆಗೆದ ದೃಶ್ಯವನ್ನು ನಿರ್ದಾಕ್ಷಿಣ್ಯವಾಗಿ ಬುಟ್ಟಿಗೆ ಹಾಕುವ ಅಧಿಕಾರವು ಸುಖದ ಅಧಿಕಾರವಲ್ಲ.

ನಿರ್ದೇಶಕ ಮಣಿರತ್ನಂ ಅವರ ಮೊದಲ ಚಿತ್ರವು 1983ರಲ್ಲಿ ಕನ್ನಡದಲ್ಲಿಯೇ ಬಂದ 'ಪಲ್ಲವಿ ಅನುಪಲ್ಲವಿ'. ಅದರ ಸಂಕಲನವು ಬಿ. ಲೆನಿನ್ ಅವರದು. ಸುರೇಶ್ ಅರಸರು ಆ ನಿರ್ದೇಶಕರೊಡನೆ ಕೂಡಿದುದು ತಮಿಳಿನಲ್ಲಿ. 1991ರಲ್ಲಿ 'ದಳಪತಿ', 1992ರಲ್ಲಿ 'ರೋಜಾ', 1993ರಲ್ಲಿ 'ತಿರುಡಾ ತಿರುಡಾ'. ಈ ಕಡೆಯದು ಕಳ್ಳರ ಕಥೆ. ಇಂತಹ ಚಿತ್ರಗಳನ್ನು ಪಂಡಿತರು ಲಘುವೆಂದು ತಳ್ಳುವುದುಂಟು. ಆದರೆ ಬೆನ್ನಟ್ಟುವ ದೃಶ್ಯದಲ್ಲಿ ಕತ್ತರಿಗೆ ಇರುವ ಪರೀಕ್ಷೆಯು ಗಂಭೀರ ಸಂಭಾಷಣೆಯಲ್ಲಿಲ್ಲ. ಯಾರು ಯಾರ ಹಿಂದೆ, ಎಷ್ಟು ದೂರದಲ್ಲಿ ಓಡುತ್ತಿರುವರೆಂಬುದು ಪ್ರೇಕ್ಷಕನಿಗೆ ತಪ್ಪಿದೊಡನೆ ರಸಭಂಗವೇ ಸರಿ.

1995ರ 'ಬಾಂಬೆ' ಚಿತ್ರದ ಸಂಕಲನಕ್ಕಾಗಿ ಅರಸರಿಗೆ ರಾಷ್ಟ್ರಪ್ರಶಸ್ತಿ ಸಂದಿತು. 1992ರ ಡಿಸೆಂಬರ್ ಮತ್ತು 1993ರ ಜನವರಿಯಲ್ಲಿ ಆ ನಗರದಲ್ಲಿ ನಡೆದ ಗಲಭೆಗಳೇ ಅದರ ಹಿನ್ನೆಲೆ. ಹಿಂದೂ ತಂದೆ, ಮುಸಲ್ಮಾನ ತಾಯಿ, ಅವಳಿ ಗಂಡುಮಕ್ಕಳು. ಉರಿಯುವ ಬೀದಿಗಳಲ್ಲಿ ಮಕ್ಕಳು ತಪ್ಪಿಹೋಗುವರು. ಇಲ್ಲಿ ಕತ್ತರಿಯ ಹೊಣೆಯು ಬೇರೆಯಾಗುತ್ತದೆ. ಹೊಡೆತವನ್ನು ಅರ್ಧ ಕ್ಷಣ ಹೆಚ್ಚು ತೋರಿಸಿದರೆ ನೋಡುವವನ ರಕ್ತವು ಕುದಿಯುವುದು. ಅಷ್ಟೇ ಕಡಿಮೆ ತೋರಿಸಿದರೆ ನಡೆದುದು ಸುಳ್ಳೆನ್ನಿಸುವುದು. ಗುಂಪಿನ ಮುಖದಿಂದ ಮಗುವಿನ ಮುಖಕ್ಕೆ ಯಾವಾಗ ತಿರುಗಬೇಕೆಂಬುದನ್ನು ಯಾವ ಶಾಸ್ತ್ರವೂ ಹೇಳಿಕೊಡದು.

ಕಾಟಿಪಳ್ಳದಲ್ಲಿ ಇದು ದೂರದ ಮಾತಲ್ಲ. ಪಣಂಬೂರಿನ ಬಂದರಿಗಾಗಿ ನೆಲ ಬಿಟ್ಟುಬಂದ ಕುಟುಂಬಗಳು ನೆಲೆಸಿದ ಊರಿದು; ಬೇರೆ ಬೇರೆ ಮತದವರ ಅಂಗಳಗಳು ಒಂದನ್ನೊಂದು ಮುಟ್ಟಿಕೊಂಡಿವೆ. ಪೇಟೆಯಲ್ಲಿ ಏನಾದರೂ ಗದ್ದಲವೆಂದು ಕೇಳಿದ ದಿನ ತಾಯಂದಿರು ಮಕ್ಕಳ ದಾರಿ ನೋಡುತ್ತ ಬೇಲಿಯ ಬಳಿ ನಿಂತಿರುವರು. ಅಂತಹ ಮನೆಯಲ್ಲಿ ಆ ಚಿತ್ರವು ಕೊನೆಗಾಣುವ ಹೊತ್ತಿಗೆ ಅಡಿಗೆಮನೆಯಿಂದ ಅಜ್ಜಿಯ ಪ್ರಶ್ನೆ ಬರುವುದು:

"ಮಕ್ಕಳು ಸಿಕ್ಕಿದರೇನೋ ಮಗಾ?"

"ಸಿಕ್ಕಿದರು ಅಜ್ಜಿ, ಇಬ್ಬರೂ ಸಿಕ್ಕಿದರು."

ಆಕೆ ಒಲೆಯ ಕಡೆಗೆ ತಿರುಗುವಳು.