ಅಣ್ಣನ ಗಾಡಿ, ಅತ್ತಿಗೆಯ ಪರ್ಮಿಟ್ಟು

ಗೆಳೆಯರೇ, ಸ್ವಲ್ಪ ಉದ್ದದ ಪೋಸ್ಟು. ಮನೇಲಿ ಹಳದಿ ಬೋರ್ಡಿನ ಗಾಡಿ ಇರೋರು ದಯವಿಟ್ಟು ಕೊನೆವರೆಗೂ ಓದಿ.

ಅಣ್ಣನ ತಿಥಿ ಮುಗಿದ ಮಾರನೇ ದಿನ. ಶಾಮಿಯಾನ ಇನ್ನೂ ಬಿಚ್ಚಿರಲಿಲ್ಲ. ಊರಿನ ದೊಡ್ಡಮನೆಯವರೊಬ್ಬರು ಬೈಕಲ್ಲಿ ಕೇರಿಗೆ ಬಂದ್ರು. ಸಾವಿಗೆ ಬಂದಿರಲಿಲ್ಲ. ಈಗಲೂ ಜಗಲಿ ಮೇಲೆ ಕೂರಲಿಲ್ಲ, ನೀರೂ ಬೇಡ ಅಂದ್ರು. ಸೀದಾ ಬೇವಿನಮರದ ಕೆಳಗೆ ನಿಂತಿದ್ದ ಅಣ್ಣನ 407 ಹತ್ರ ಹೋಗಿ, ಟೈರಿಗೆ ಒಂದು ಸಲ ಒದ್ದು ನೋಡಿ, ಅತ್ತಿಗೆಗೆ ಹೇಳಿದ್ರು: "ಪರ್ಮಿಟ್ಟು ಅವನ ಹೆಸರಲ್ಲಿತ್ತು. ಅವನು ಹೋದ, ಪರ್ಮಿಟ್ಟೂ ಹೋಯ್ತು. ಇನ್ನು ರೋಡಿಗಿಳಿಸಿದ್ರೆ ಹಿಡೀತಾರೆ. ನನಗೆ ಕೊಟ್ಬಿಡು." ಅವರು ಹೇಳಿದ ರೇಟು ಗಾಡಿ ಬೆಲೆಯ ಅರ್ಧವೂ ಇರಲಿಲ್ಲ. ಬಾಕಿ ಇದ್ದ ಸಾಲವೇ ಅದಕ್ಕಿಂತ ಜಾಸ್ತಿ.

ಅತ್ತಿಗೆ ನನ್ನ ಮುಖ ನೋಡಿದ್ರು. ಇಪ್ಪತ್ತು ವರ್ಷದಿಂದ ಮೈಕ್ ಹಿಡಿದು ಸಂವಿಧಾನ, ಹಕ್ಕು ಅಂತ ಮಾತಾಡಿದವನು ನಾನು. ಪರ್ಮಿಟ್ ಅಂದ್ರೆ ಏನು, ಅದು ಎಷ್ಟು ವರ್ಷ, ಯಾರು ಕೊಡ್ತಾರೆ, ಒಂದೂ ಗೊತ್ತಿರಲಿಲ್ಲ. ಅಣ್ಣನ ಗಾಡಿ ಫೈಲನ್ನ ಒಂದು ದಿನ ಬಿಚ್ಚಿ ನೋಡಿದವನಲ್ಲ. ಹೇಳಿಕೊಳ್ಳೋಕೆ ನಾಚಿಕೆ ಆಗುತ್ತೆ, ಆದ್ರೂ ಹೇಳ್ತಿದೀನಿ.

ನಮ್ಮಪ್ಪ ಜೀವಮಾನವೆಲ್ಲ ಬೇರೆಯವರ ಎತ್ತಿನಗಾಡಿ ಹೊಡೆದವನು. ನಮ್ಮ ಕೇರಿಗೆ ಸ್ವಂತ ಗಾಡಿ ಅಂತ ಬಂದಿದ್ದು ಅಣ್ಣನ ಕಾಲಕ್ಕೆ. ಅದರ ಬೆಲೆ ತಿಳೀಬೇಕಂದ್ರೆ 1929ರ ಚಾಳೀಸಗಾಂವ್ ನೆನಪು ಮಾಡ್ಕೊಳ್ಳಿ. ಅಸ್ಪೃಶ್ಯನನ್ನ ಕೂರಿಸ್ಕೊಂಡು ಹೊಡೆಯಲ್ಲ ಅಂತ ಟಾಂಗಾದವರು ಹೇಳಿದ್ರು. ಬಾಬಾಸಾಹೇಬರನ್ನ ಕರ್ಕೊಂಡು ಹೋಗೋಕೆ ಟಾಂಗಾ ಹೊಡೆದೇ ಗೊತ್ತಿಲ್ಲದ ನಮ್ಮ ಜನರೊಬ್ಬರು ಲಗಾಮು ಹಿಡಿದ್ರು. ಸೇತುವೆ ಹತ್ರ ಟಾಂಗಾ ಅಪಘಾತವಾಗಿ ಬಾಬಾಸಾಹೇಬರ ಕಾಲು ಮುರೀತು. ಆ ಲಗಾಮು ನಮ್ಮ ಕೈಗೆ ಬರೋಕೆ ಎಷ್ಟು ತಲೆಮಾರು ಬೇಕಾಯ್ತು! ಅದನ್ನ ಹನ್ನೆರಡನೇ ದಿನಕ್ಕೆ ಬಿಟ್ಟುಕೊಡೋದಾ?

ಏಜೆಂಟ್ ಹತ್ರ ಹೋದೆ. ಅವನು ನಕ್ಕ. "ಪರ್ಮಿಟ್ ಇನ್ನೂ ಎರಡು ವರ್ಷ ಇದೆ ಸಾರ್. ಸುಮ್ನೆ ಹಂಗೇ ಓಡಿಸಿ, ಸತ್ತೋಗಿದಾರೆ ಅಂತ ಯಾರಿಗೆ ಗೊತ್ತಾಗುತ್ತೆ?"

ಒಬ್ಬರು ಗಾಡಿ ಮಾರು ಅಂತಾರೆ, ಇನ್ನೊಬ್ಬ ಹಂಗೇ ಓಡಿಸು ಅಂತಾನೆ. ಕೊನೆಗೆ ದಾರಿ ತೋರಿಸಿದ್ದು ನಮ್ಮ ಕೇರಿ ಹುಡುಗಿ, ಈಗಷ್ಟೇ ಲಾ ಮುಗಿಸಿ ವಕೀಲರೊಬ್ಬರ ಹತ್ರ ಜೂನಿಯರ್ ಆಗಿದಾಳೆ. "ಚಿಕ್ಕಪ್ಪ, ಇಬ್ಬರು ಹೇಳಿದ್ದೂ ತಪ್ಪು. 82ನೇ ಸೆಕ್ಷನ್ ಓದಿ" ಅಂದ್ಲು.

1988ರ ಮೋಟಾರು ವಾಹನ ಕಾಯ್ದೆ ಹೇಳೋದು ಇಷ್ಟು. ಪರ್ಮಿಟ್ ಇದ್ದವರು ತೀರಿಕೊಂಡ್ರೆ, ಗಾಡಿ ಯಾರ ವಶಕ್ಕೆ ಬರುತ್ತೋ ಅವರು ಅದೇ ಪರ್ಮಿಟ್ಟಲ್ಲಿ ಮೂರು ತಿಂಗಳು ಓಡಿಸಬಹುದು. ಆದ್ರೆ ಸಾವಾದ 30 ದಿನದೊಳಗೆ, ಪರ್ಮಿಟ್ ಕೊಟ್ಟ ಪ್ರಾಧಿಕಾರಕ್ಕೆ ತಿಳಿಸಿರಬೇಕು. ಮೂರು ತಿಂಗಳೊಳಗೆ ತಮ್ಮ ಹೆಸರಿಗೆ ವರ್ಗಾಯಿಸಿ ಅಂತ ಅರ್ಜಿ ಹಾಕಬೇಕು. ಆರ್‌ಸಿಗೂ ಇದೇ ಲೆಕ್ಕ: 30 ದಿನದೊಳಗೆ ತಿಳಿಸಬೇಕು, ಮೂರು ತಿಂಗಳೊಳಗೆ ಫಾರಂ 31.

ಏಜೆಂಟ್ ಮಾತು ಕೇಳಿ ಹಂಗೇ ಓಡಿಸಿದ್ರೆ? ಪರ್ಮಿಟ್ ಇಲ್ಲದೆ ಓಡಿಸಿದ್ರೆ 2019ರ ತಿದ್ದುಪಡಿ ಆದ್ಮೇಲೆ ಮೊದಲ ಸಲಕ್ಕೇ ಹತ್ತು ಸಾವಿರ ದಂಡ, ಆರು ತಿಂಗಳವರೆಗೆ ಜೈಲು. ಅದಕ್ಕಿಂತ ದೊಡ್ಡ ಭಯ ಆಕ್ಸಿಡೆಂಟು. ಪರ್ಮಿಟ್ ಇಲ್ಲದಿರೋದು ಮೂಲಭೂತ ಉಲ್ಲಂಘನೆ ಅಂತ ಸುಪ್ರೀಂ ಕೋರ್ಟ್ 2018ರಲ್ಲಿ ಹೇಳಿದೆ. ವಿಮಾ ಕಂಪನಿ ಪರಿಹಾರ ಕೊಟ್ಟು, ಆ ದುಡ್ಡನ್ನ ಗಾಡಿ ಮಾಲೀಕರಿಂದಲೇ ವಸೂಲಿ ಮಾಡಬಹುದು. ಪ್ರೀಮಿಯಂ ಕಟ್ಟಿಯೂ ನಮ್ಮ ಮನೆ ಹರಾಜು!

ನಮ್ಮದು ಗಡಿ ಕಡೆಯ ಊರು. ಟೊಮೆಟೊ ಲೋಡ್ ಆದ್ರೆ ಆಂಧ್ರ, ಇಲ್ಲ ತಮಿಳುನಾಡು. ಹಂಗಾಗಿ ರಾಜ್ಯದ ಪರ್ಮಿಟ್ ಒಂದೇ ಸಾಲದು, ನ್ಯಾಷನಲ್ ಪರ್ಮಿಟ್ಟೂ ಬೇಕು. ಪರ್ಮಿಟ್ ಐದು ವರ್ಷಕ್ಕೆ, ಆದ್ರೆ ಆಥರೈಸೇಷನ್ ವರ್ಷವರ್ಷ ಮಾಡಿಸ್ಬೇಕು. ಎಲ್ಲ ರಾಜ್ಯಕ್ಕೂ ಸೇರಿ ವರ್ಷಕ್ಕೆ 16,500 ರೂಪಾಯಿ ಫೀಸು, ಜೊತೆಗೆ ಆಥರೈಸೇಷನ್ನಿಗೆ ಸಾವಿರ. ಅಣ್ಣ ಇದನ್ನೆಲ್ಲ ಒಬ್ಬನೇ ತಲೇಲಿ ಇಟ್ಕೊಂಡಿದ್ದ. ಮನೇಲಿ ಯಾರಿಗೂ ಹೇಳಿರಲಿಲ್ಲ, ನಾವೂ ಕೇಳಿರಲಿಲ್ಲ.

ಇಪ್ಪತ್ತೆರಡನೇ ದಿನ ಮರಣ ಪತ್ರ, ಆರ್‌ಸಿ, ಪರ್ಮಿಟ್, ವಿಮೆ ಎಲ್ಲಾ ಹಿಡ್ಕೊಂಡು ಅತ್ತಿಗೆ, ನಾನು, ಆ ಹುಡುಗಿ ಆರ್‌ಟಿಓ ಆಫೀಸಿಗೆ ಹೋದ್ವಿ. ಅತ್ತಿಗೆ ಅಲ್ಲಿಗೆ ಕಾಲಿಟ್ಟಿದ್ದು ಅದೇ ಮೊದಲು. ಅರ್ಜಿ ಕೊಟ್ಟು ಸ್ವೀಕೃತಿ ಸೀಲು ಹಾಕಿಸ್ಕೊಂಡ್ರು. ಮತ್ತೆ ನಾಲ್ಕು ಸಲ ಓಡಾಟ ಆಯ್ತು. ಕೊನೆಗೆ ಆರ್‌ಸಿ, ಪರ್ಮಿಟ್, ನ್ಯಾಷನಲ್ ಪರ್ಮಿಟ್ ಮೂರೂ ಅವರ ಹೆಸರಿಗೆ ಬಂದ್ವು.

ಬಾಗಿಲ ಮೇಲೆ ಮಾಲೀಕರ ಹೆಸರು ಬರೆಯೋ ಪೇಂಟರು "ಯಾರ ಹೆಸರು ಬರೀಲಿ?" ಅಂತ ನನ್ನನ್ನ ಕೇಳಿದ. ನಾನು ಬಾಯಿ ತೆರೆಯೋ ಮೊದಲೇ ಅತ್ತಿಗೆ ತಮ್ಮ ಹೆಸರು ಹೇಳಿದ್ರು, ಇನಿಷಿಯಲ್ ಸಮೇತ. ಅಣ್ಣನ ಜೊತೆ ಕ್ಲೀನರ್ ಆಗಿದ್ದ ಹುಡುಗ ಈಗ ಡ್ರೈವರು.

ಗೆಳೆಯರೇ, ಇವತ್ತು ರಾತ್ರಿ ಊಟ ಆದ್ಮೇಲೆ ಗಾಡಿ ಫೈಲು ಬಿಚ್ಚಿ, ಮನೆ ಹೆಂಗಸರನ್ನೂ ಕೂರಿಸ್ಕೊಳ್ಳಿ. ಪರ್ಮಿಟ್ ಯಾರ ಹೆಸರಲ್ಲಿದೆ, ಯಾವತ್ತಿನವರೆಗೆ ಇದೆ, ಎಫ್‌ಸಿ ಯಾವಾಗ ಮುಗಿಯುತ್ತೆ ಅಂತ ನೋಡಿ ಗೋಡೆ ಕ್ಯಾಲೆಂಡರಲ್ಲಿ ಬರೆದಿಡಿ. ಗಾಡಿ ಲೋಡ್ ಸೇರಿ ಒಟ್ಟು ತೂಕ 3,000 ಕೆಜಿ ಒಳಗಿದ್ರೆ ಗೂಡ್ಸ್ ಪರ್ಮಿಟ್ ಬೇಡ, ಆದ್ರೆ ಆರ್‌ಸಿ, ಎಫ್‌ಸಿ, ವಿಮೆ ಬೇಕೇ ಬೇಕು. ಸಾವಿನ ಮನೇಲಿ ದಿನ ಎಣಿಸೋಕೆ ಯಾರಿಗೂ ಮನಸ್ಸಿರಲ್ಲ, ಅದು ನನಗೆ ಗೊತ್ತು. ಆದ್ರೆ ನಮ್ಮ ಪರವಾಗಿ ಎಣಿಸ್ತಾ ಕೂತಿರೋರು ಬೈಕಲ್ಲಿ ಬರ್ತಾರೆ.

ಜೈ ಭೀಮ್.